ಪಹಣಿ ಅಣ್ಣನ ಹೆಸರಲ್ಲಿದೆ, ಜಮೀನು ಯಾರದು?

ಒಂದು ಮನೆ ಅಂದುಕೊಳ್ಳಿ. ಅಪ್ಪ ತೀರಿಕೊಂಡಿದ್ದಾರೆ. ನಾಲ್ಕು ಎಕರೆ ಜಮೀನು, ಒಂದು ಮನೆ ಇದೆ. ಇಬ್ಬರು ಗಂಡುಮಕ್ಕಳು, ಒಬ್ಬಳು ಮಗಳು. ಊರಲ್ಲೇ ಇದ್ದ ದೊಡ್ಡ ಮಗ ತಾಲ್ಲೂಕು ಕಚೇರಿಗೆ ಓಡಾಡಿ ಪಹಣಿಯನ್ನು, ಅಂದರೆ ಜಮೀನಿನ ಕಂದಾಯ ದಾಖಲೆಯನ್ನು, ತನ್ನೊಬ್ಬನ ಹೆಸರಿಗೆ ಮಾಡಿಸಿಕೊಂಡ. ಉಳುಮೆಯನ್ನೂ ಅವನೇ ನೋಡಿಕೊಂಡ. ಈಗ ಜಮೀನಿಗೆ ಬೆಲೆ ಬಂದಿದೆ. ತಂಗಿ ಪಾಲು ಕೇಳಿದರೆ ಅಣ್ಣ ಪಹಣಿ ತೋರಿಸುತ್ತಾನೆ. ಸರ್ಕಾರದ ಕಾಗದದಲ್ಲೇ ಅವನ ಹೆಸರಿರುವಾಗ ಇನ್ನೇನು ಮಾಡುವುದು ಅಂತ ತಂಗಿ ಸುಮ್ಮನಾಗುತ್ತಾಳೆ.

ಅವಳು ಸುಮ್ಮನಾಗಬೇಕಿಲ್ಲ. ಆ ಪಹಣಿಯಿಂದ ಅಣ್ಣ ಇಡೀ ಜಮೀನಿನ ಮಾಲೀಕನಾಗಿಲ್ಲ. ಇದೊಂದು ವಿಷಯ ಗೊತ್ತಿಲ್ಲದೆ ಎಷ್ಟೋ ಜನ, ಅದರಲ್ಲೂ ಹೆಣ್ಣುಮಕ್ಕಳು, ಕೇಳುವ ಮೊದಲೇ ಪಾಲು ಕಳೆದುಕೊಳ್ಳುತ್ತಾರೆ. ಅದಕ್ಕೇ ಈ ಲೇಖನ.

ಆಸ್ತಿ ಅಂದಾಗ ನಾವು ಮೂರು ಬೇರೆ ಬೇರೆ ಸಂಗತಿಗಳನ್ನು ಒಂದೇ ಅಂದುಕೊಳ್ಳುತ್ತೇವೆ. ಮೊದಲನೆಯದು ಒಡೆತನ, ಅಂದರೆ ಕಾನೂನಿನ ಪ್ರಕಾರ ಅದು ಯಾರದು ಅನ್ನುವುದು. ಎರಡನೆಯದು ಸ್ವಾಧೀನ. ಯಾರು ಉಳುತ್ತಿದ್ದಾರೆ, ಯಾರು ವಾಸವಿದ್ದಾರೆ, ಬೀಗದ ಕೈ ಯಾರ ಹತ್ತಿರ ಇದೆ ಅನ್ನುವುದು. ಮೂರನೆಯದು ದಾಖಲೆ. ಪಹಣಿ, ಖಾತೆ, ಕಂದಾಯದ ರಸೀದಿ ಯಾರ ಹೆಸರಲ್ಲಿವೆ ಅನ್ನುವುದು. ಮೂರೂ ಒಬ್ಬರ ಕೈಯಲ್ಲೇ ಇದ್ದರೆ ಸಾಮಾನ್ಯವಾಗಿ ಜಗಳ ಇರುವುದಿಲ್ಲ. ಇವು ಬೇರೆ ಬೇರೆಯಾದ ಕಡೆಯೇ ವ್ಯಾಜ್ಯ ಹುಟ್ಟುತ್ತದೆ. ನಿಮ್ಮ ಪ್ರಕರಣದಲ್ಲಿ ಕೆಟ್ಟಿರುವುದು ಈ ಮೂರರಲ್ಲಿ ಯಾವುದು ಅಂತ ಮೊದಲು ಗುರುತಿಸಿ. ಯಾವ ಕಚೇರಿಗೆ ಹೋಗಬೇಕು, ಏನು ಕೇಳಬೇಕು, ಎಷ್ಟು ದಿನದೊಳಗೆ ಕೇಳಬೇಕು ಅನ್ನುವುದೆಲ್ಲ ಅದರ ಮೇಲೆ ನಿಂತಿದೆ.

ಪಹಣಿಯಿಂದ ಎಷ್ಟು ಸಿಗುತ್ತದೆ?

ಒಡೆತನ ಬರುವುದು ನೋಂದಣಿಯಾದ ಕ್ರಯಪತ್ರ, ದಾನಪತ್ರ, ವಿಭಾಗಪತ್ರಗಳಿಂದ, ವಿಲ್‌ನಿಂದ, ವಾರಸಾ ಹಕ್ಕಿನಿಂದ, ಸರ್ಕಾರದ ಮಂಜೂರಾತಿಯಿಂದ. ಹೀಗೆ ಬಂದ ಹಕ್ಕನ್ನು ನೋಡಿ ಕಂದಾಯ ಇಲಾಖೆ ತನ್ನ ಪುಸ್ತಕದಲ್ಲಿ ಹೆಸರು ಬದಲಿಸುತ್ತದೆ. ಅದೇ ಮ್ಯುಟೇಷನ್. ಕಂದಾಯ ಯಾರಿಂದ ವಸೂಲಿ ಮಾಡಬೇಕು ಅಂತ ತಿಳಿಯುವುದೇ ಅದರ ಮುಖ್ಯ ಕೆಲಸ. ಮ್ಯುಟೇಷನ್ನಿಂದ ಒಡೆತನ ಹುಟ್ಟುವುದೂ ಇಲ್ಲ, ಅಳಿಯುವುದೂ ಇಲ್ಲ ಅಂತ ಸುಪ್ರೀಂ ಕೋರ್ಟ್ ಹಲವು ಸಲ ಹೇಳಿದೆ. ನಗರದ ಖಾತೆಗೂ ಇದೇ ಮಾತು. ಅದು ತೆರಿಗೆಗಾಗಿ ಇಟ್ಟ ಲೆಕ್ಕ.

ಹಾಗಂತ ಪಹಣಿ ಬರೀ ಕಾಗದ ಅಂತ ತಳ್ಳಿಹಾಕುವ ಹಾಗೂ ಇಲ್ಲ. ಕರ್ನಾಟಕ ಭೂಕಂದಾಯ ಕಾಯ್ದೆ 1964ರ 133ನೇ ಕಲಂ ಪ್ರಕಾರ, ಸುಳ್ಳು ಅಂತ ಸಾಬೀತಾಗುವವರೆಗೆ ಆ ನಮೂದನ್ನು ನಿಜ ಅಂತಲೇ ನಂಬಬೇಕು. ಅಂದರೆ ಸಾಬೀತು ಮಾಡುವ ಹೊರೆ ತಂಗಿಯ ಮೇಲೆ ಬೀಳುತ್ತದೆ. ವರ್ಷಾನುಗಟ್ಟಲೆ ಒಂದೇ ಹೆಸರು ಮುಂದುವರಿದರೆ ಅದು ಸ್ವಾಧೀನಕ್ಕೆ ಒಳ್ಳೆಯ ಸಾಕ್ಷಿಯೂ ಆಗುತ್ತದೆ. ಆದ್ದರಿಂದ ಮ್ಯುಟೇಷನ್ ನೋಟಿಸ್ ಬಂದಾಗಲೇ ತಕರಾರು ಹಾಕುವುದು ಒಳ್ಳೆಯದು. ತಹಶೀಲ್ದಾರರ ಹಂತದಲ್ಲಿ ಆದ ಆದೇಶ ಒಪ್ಪಿಗೆಯಾಗದಿದ್ದರೆ 136ನೇ ಕಲಂ ಅಡಿ ಮೇಲ್ಮನವಿ ಇದೆ. ಆದರೆ ಕಂದಾಯ ಅಧಿಕಾರಿಗಳ ಮುಂದೆ ಒಡೆತನದ ಪ್ರಶ್ನೆ ಕೊನೆಯಾಗಿ ತೀರ್ಮಾನ ಆಗುವುದಿಲ್ಲ. ಅದು ಸಿವಿಲ್ ಕೋರ್ಟಿನ ಕೆಲಸ. 135ನೇ ಕಲಂ ಕೂಡ ಅದನ್ನೇ ಹೇಳುತ್ತದೆ: ಹಕ್ಕಿಗೆ ಧಕ್ಕೆಯಾದವರು ಸಿವಿಲ್ ದಾವೆ ಹಾಕಬಹುದು, ತೀರ್ಪಿನ ಪ್ರಕಾರ ನಮೂದನ್ನು ತಿದ್ದಬೇಕು.

ಪಾಲಿನ ವ್ಯಾಜ್ಯದಲ್ಲಿ ಐದಾರು ವರ್ಷ ಎಸಿ (ಉಪವಿಭಾಗಾಧಿಕಾರಿ) ಕೋರ್ಟು, ಡಿಸಿ (ಜಿಲ್ಲಾಧಿಕಾರಿ) ಕೋರ್ಟು ಅಂತ ಅಲೆದು, ಕೊನೆಗೆ 'ಸಿವಿಲ್ ಕೋರ್ಟಿಗೆ ಹೋಗಿ' ಅನ್ನಿಸಿಕೊಂಡು ಬರುವವರನ್ನು ನೋಡಿದರೆ ಸಂಕಟವಾಗುತ್ತದೆ. ಒಡೆತನವೇ ಪ್ರಶ್ನೆಯಾಗಿದ್ದರೆ ದಾರಿ ಮೊದಲಿನಿಂದಲೂ ಅದೇ ಆಗಿತ್ತು.

ತಂಗಿಯ ಪಾಲು

ಇಲ್ಲಿ ಮೊದಲು ಕೇಳಬೇಕಾದ್ದು ಜಮೀನು ಅಪ್ಪನಿಗೆ ಹೇಗೆ ಬಂತು ಅನ್ನುವುದು. ಅಪ್ಪನೇ ದುಡಿದು ಕೊಂಡಿದ್ದರೆ ಅದು ಸ್ವಯಾರ್ಜಿತ. ಅದನ್ನು ಯಾರಿಗೆ ಬೇಕಾದರೂ ವಿಲ್ ಬರೆದು ಕೊಡುವ ಸ್ವಾತಂತ್ರ್ಯ ಅವರಿಗಿತ್ತು. ವಿಲ್ ನೋಂದಣಿ ಆಗಿರಲೇಬೇಕು ಅಂತಿಲ್ಲ. ಆದರೆ ಇಬ್ಬರು ಸಾಕ್ಷಿಗಳ ಸಹಿ ಇರಲೇಬೇಕು. ಹಿಂದೂ ಕುಟುಂಬದಲ್ಲಿ ವಿಲ್ ಬರೆಯದೆ ಅಪ್ಪ ತೀರಿಕೊಂಡರೆ ಹೆಂಡತಿ, ತಾಯಿ, ಗಂಡುಮಕ್ಕಳು, ಹೆಣ್ಣುಮಕ್ಕಳು ಎಲ್ಲರಿಗೂ ಸಮಪಾಲು. ಮದುವೆ ಆಗಿದೆಯೋ ಇಲ್ಲವೋ ಅನ್ನುವುದರಿಂದ ಏನೂ ವ್ಯತ್ಯಾಸ ಆಗುವುದಿಲ್ಲ.

ಜಮೀನು ಪಿತ್ರಾರ್ಜಿತ ಆಗಿದ್ದರೆ ಮಗಳ ಹಕ್ಕು ಇನ್ನೂ ಗಟ್ಟಿ. ಕರ್ನಾಟಕ 1994ರಲ್ಲೇ ತಿದ್ದುಪಡಿ ತಂದು ಮದುವೆಯಾಗದ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳಿಗೆ ಸಮನಾದ ಹಕ್ಕು ಕೊಟ್ಟಿತ್ತು. 2005ರ ಸೆಪ್ಟೆಂಬರ್ 9ರಂದು ಇಡೀ ದೇಶಕ್ಕೆ ಜಾರಿಗೆ ಬಂದ ಹಿಂದೂ ಉತ್ತರಾಧಿಕಾರ ತಿದ್ದುಪಡಿ ಕಾಯ್ದೆ ಮದುವೆಯ ಷರತ್ತನ್ನೂ ತೆಗೆಯಿತು. ಆ ದಿನ ಅಪ್ಪ ಬದುಕಿರಬೇಕಿತ್ತೇ ಅನ್ನುವ ಗೊಂದಲ ಆಮೇಲೂ ಬಹಳ ವರ್ಷ ಉಳಿಯಿತು. 2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಅದನ್ನು ಬಗೆಹರಿಸಿತು. ಮಗಳ ಹಕ್ಕು ಹುಟ್ಟಿನಿಂದಲೇ ಬರುತ್ತದೆ, 2005ರಲ್ಲಿ ಅಪ್ಪ ಬದುಕಿರಬೇಕು ಅಂತೇನೂ ಇಲ್ಲ. ಆದರೆ 2004ರ ಡಿಸೆಂಬರ್ 20ಕ್ಕೆ ಮೊದಲೇ ಸರಿಯಾಗಿ ನಡೆದುಹೋದ ವಿಭಾಗ, ಮಾರಾಟಗಳನ್ನು ಇದು ಕೆದಕುವುದಿಲ್ಲ. ಹಿಂದೂ ಕಾಯ್ದೆ ಬೌದ್ಧ, ಜೈನ, ಸಿಖ್ಖರಿಗೂ ಅನ್ವಯಿಸುತ್ತದೆ. ಮುಸ್ಲಿಮರಿಗೆ ಅವರ ವೈಯಕ್ತಿಕ ಕಾನೂನು, ಕ್ರೈಸ್ತರಿಗೆ 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆ ಇದೆ.

ಅಣ್ಣ ಇನ್ನೊಂದು ಮಾತು ಹೇಳಬಹುದು: 'ಪೌತಿ ಖಾತೆ ಮಾಡಿಸುವಾಗ ನೀನೇ ಸಹಿ ಹಾಕಿದ್ದೀಯಲ್ಲ.' ತೀರಿಕೊಂಡವರ ಹೆಸರಿನಿಂದ ವಾರಸುದಾರರ ಹೆಸರಿಗೆ ಖಾತೆ ಬದಲಿಸುವುದೇ ಪೌತಿ ಖಾತೆ. ಆ ಸಹಿ ಯಾವ ಕಾಗದದ ಮೇಲಿದೆ ಅನ್ನುವುದು ಬಹಳ ಮುಖ್ಯ. ಖಾತೆ ಬದಲಾವಣೆಗೆ ಅಭ್ಯಂತರವಿಲ್ಲ ಅಂತ ಕೊಟ್ಟ ಒಪ್ಪಿಗೆಯಿಂದ ಹಕ್ಕು ಹೋಗುವುದಿಲ್ಲ. ನೂರು ರೂಪಾಯಿ ಅಥವಾ ಅದಕ್ಕಿಂತ ಜಾಸ್ತಿ ಬೆಲೆಯ ಸ್ಥಿರಾಸ್ತಿಯ ಹಕ್ಕನ್ನು ಪತ್ರ ಬರೆದು ಬಿಟ್ಟುಕೊಡುವುದಾದರೆ, 1908ರ ನೋಂದಣಿ ಕಾಯ್ದೆ ಪ್ರಕಾರ ಆ ಪತ್ರ ನೋಂದಣಿ ಆಗಬೇಕು. ಆದರೆ ಸಬ್ ರಿಜಿಸ್ಟ್ರಾರ್ ಕಚೇರಿಗೆ ಹೋಗಿ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿದ್ದರೆ ಮಾತೇ ಬೇರೆ. ಮೋಸದಿಂದ ಬರೆಸಿಕೊಂಡರು ಅಂತ ಅದನ್ನು ರದ್ದು ಮಾಡಿಸಲು, ಮೋಸ ತಿಳಿದ ದಿನದಿಂದ ಮೂರು ವರ್ಷದೊಳಗೆ ಕೋರ್ಟಿಗೆ ಹೋಗಬೇಕು. ಅಕ್ಕತಂಗಿಯರೇ, ಮನೆಯವರೇ ಕೇಳಿದರೂ ಪೂರ್ತಿ ಓದದೆ ಸಹಿ ಹಾಕಬೇಡಿ. ಓದಲು ಒಂದು ದಿನ ಕೇಳುವುದು ಅನುಮಾನ ಪಟ್ಟ ಹಾಗಲ್ಲ.

'ಇಷ್ಟು ವರ್ಷ ನಾನೇ ಉಳುತ್ತಿದ್ದೇನೆ, ಹನ್ನೆರಡು ವರ್ಷ ದಾಟಿತು, ಇನ್ನು ನನ್ನದೇ' ಅನ್ನುವ ವಾದವೂ ಬರುತ್ತದೆ. ಬೇರೆಯವರ ಜಾಗದಲ್ಲಿ ಅವರ ಹಕ್ಕಿಗೆ ವಿರುದ್ಧವಾಗಿ, ಬಹಿರಂಗವಾಗಿ, ಎಡೆಬಿಡದೆ ಹನ್ನೆರಡು ವರ್ಷ ಕೂತರೆ ಮಾಲೀಕರು ಜಾಗ ಕೇಳುವ ಹಕ್ಕು ಕಳೆದುಕೊಳ್ಳಬಹುದು, ನಿಜ. ಸರ್ಕಾರದ ಜಾಗಕ್ಕೆ ಆ ಗಡುವು ಮೂವತ್ತು ವರ್ಷ. ಆದರೆ ಪಾಲುದಾರರಲ್ಲಿ ಒಬ್ಬರ ಸ್ವಾಧೀನವನ್ನು ಕಾನೂನು ಎಲ್ಲರ ಪರವಾದ ಸ್ವಾಧೀನ ಅಂತ ನೋಡುತ್ತದೆ. ಅಣ್ಣ ಬರೀ ಉಳುತ್ತಿದ್ದ ಅನ್ನುವುದು ಸಾಲದು. ನಿನಗೆ ಇಲ್ಲಿ ಹಕ್ಕಿಲ್ಲ ಅಂತ ಅವನು ಸ್ಪಷ್ಟವಾಗಿ ಹೊರಗಿಟ್ಟಿದ್ದು, ಅದು ತಂಗಿಗೆ ಗೊತ್ತಾಗಿದ್ದು ಎರಡೂ ಸಾಬೀತಾಗಬೇಕು. ಅವಿಭಕ್ತ ಕುಟುಂಬದ ಆಸ್ತಿಯಿಂದ ಹೊರಗಿಟ್ಟವರಿಗೆ ಹನ್ನೆರಡು ವರ್ಷದ ಲೆಕ್ಕ ಶುರುವಾಗುವುದು ಅದು ಗೊತ್ತಾದ ದಿನದಿಂದ. ಹೀಗಾಗಿ 'ನಿನಗೆ ಪಾಲಿಲ್ಲ' ಅಂತ ಅಣ್ಣ ಪತ್ರದಲ್ಲೋ ವಾಟ್ಸಾಪ್‌ನಲ್ಲೋ ಹೇಳಿದ ದಿನವನ್ನು ಬರೆದಿಟ್ಟುಕೊಳ್ಳಿ. ಗಡಿಯಾರ ಅಲ್ಲಿಂದ ಓಡುತ್ತದೆ.

ಬಾಡಿಗೆಗೆ ಇದ್ದವರು, ಮಾಲೀಕರ ಅನುಮತಿಯಿಂದ ಕೂತವರು ಎಷ್ಟೇ ವರ್ಷ ಇದ್ದರೂ ಅಷ್ಟರಿಂದಲೇ ಮಾಲೀಕರಾಗುವುದಿಲ್ಲ.

ದಾವೆಯಲ್ಲಿ ಏನು ಕೇಳಬೇಕು?

ದಾವೆಯ ಕೊನೆಯಲ್ಲಿ ಕೋರ್ಟಿನಿಂದ ಏನು ಬೇಕು ಅಂತ ಬರೆಯುತ್ತಾರೆ. ಅದು ತಪ್ಪಿದರೆ ಸತ್ಯ ನಿಮ್ಮ ಕಡೆ ಇದ್ದರೂ ಸೋಲಬಹುದು. ಒಡೆತನದಲ್ಲಿ ಯಾರ ತಕರಾರೂ ಇಲ್ಲ, ಜಾಗ ನಿಮ್ಮ ಸ್ವಾಧೀನದಲ್ಲೇ ಇದೆ, ಪಕ್ಕದವರು ಸುಮ್ನೆ ನುಗ್ಗಿ ತೊಂದರೆ ಕೊಡುತ್ತಿದ್ದಾರೆ ಅಂದರೆ ಶಾಶ್ವತ ನಿರ್ಬಂಧಕಾಜ್ಞೆ ಕೇಳಿದರೆ ಸಾಕು. ಒಡೆತನ ನಿಮ್ಮದೇ, ಆದರೆ ಜಾಗ ಅವರ ಕೈಯಲ್ಲಿದೆ ಅಂದರೆ ಸ್ವಾಧೀನ ಕೊಡಿಸಿ ಅಂತ ಕೇಳಬೇಕು. ಅವರೂ ಕಾಗದ ಹಿಡಿದು 'ಮಾಲೀಕ ನಾನು' ಅನ್ನುತ್ತಿದ್ದರೆ ಒಡೆತನದ ಘೋಷಣೆಯನ್ನೂ ಸೇರಿಸಬೇಕು. ಸುಪ್ರೀಂ ಕೋರ್ಟ್ 2008ರ ಒಂದು ತೀರ್ಪಿನಲ್ಲಿ ಈ ಗೆರೆಗಳನ್ನು ಬಿಡಿಸಿ ಹೇಳಿದೆ. ಒಡೆತನವೇ ಅನುಮಾನದಲ್ಲಿರುವಾಗ ಖರ್ಚು ಕಡಿಮೆ ಅಂತ ಬರೀ ನಿರ್ಬಂಧಕಾಜ್ಞೆಯ ದಾವೆ ಹಾಕಿ, ವರ್ಷಗಟ್ಟಲೆ ನಡೆಸಿ, ಕೊನೆಗೆ ವಜಾ ಆಗುವುದುಂಟು. ವಕೀಲರ ಹತ್ತಿರ ಕೂತು 'ನಾವು ಏನೇನು ಕೇಳಿದ್ದೇವೆ, ಯಾಕೆ' ಅಂತ ವಿಚಾರಿಸಿ. ಅದು ನಿಮ್ಮ ಹಕ್ಕು.

ನಿಮ್ಮ ಸ್ವಾಧೀನದಲ್ಲಿದ್ದ ಜಾಗದಿಂದ ದೌರ್ಜನ್ಯ ಮಾಡಿ ಹೊರಗೆ ಹಾಕಿದರೆ ಇನ್ನೊಂದು ಹತ್ತಿರದ ದಾರಿಯಿದೆ. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಂ ಅಡಿ, ಹೊರಹಾಕಿದ ಆರು ತಿಂಗಳೊಳಗೆ ದಾವೆ ಹಾಕಬೇಕು. ಒಡೆತನ ಸಾಬೀತು ಮಾಡುವ ಅಗತ್ಯವೇ ಇಲ್ಲ. ನಾನಿದ್ದೆ, ಕಾನೂನಿನ ದಾರಿ ಬಿಟ್ಟು ಹೊರಗೆ ಹಾಕಿದರು ಅಂತ ತೋರಿಸಿದರೆ ಸಾಕು. ಸರ್ಕಾರದ ವಿರುದ್ಧ ಮಾತ್ರ ಇದು ನಡೆಯುವುದಿಲ್ಲ. ಆರು ತಿಂಗಳು ಮುಗಿದರೂ ಒಡೆತನದ ಆಧಾರದ ಮೇಲೆ ಬೇರೆ ದಾವೆ ಹಾಕಬಹುದು, ಆದರೆ ಅದು ಉದ್ದದ ದಾರಿ.

ಪೊಲೀಸ್ ಠಾಣೆಯಲ್ಲಿ 'ಇದು ಸಿವಿಲ್ ಮ್ಯಾಟರ್' ಅನ್ನುವುದನ್ನು ಎಲ್ಲರೂ ಕೇಳಿದ್ದೇವೆ. ಜಾಗ ಯಾರದು ಅಂತ ತೀರ್ಮಾನಿಸುವ ಅಧಿಕಾರ ಪೊಲೀಸರಿಗೆ ಇಲ್ಲ, ಅದು ಸರಿ. ಆದರೆ ಹಲ್ಲೆ, ಬೆದರಿಕೆ, ಸುಳ್ಳು ದಾಖಲೆ ಸೃಷ್ಟಿ ಇವೆಲ್ಲ ಅಪರಾಧಗಳು. ಅದಕ್ಕೆ ದೂರು ಕೊಡಬಹುದು, ಕೊಡಬೇಕು.

ಇನ್ನು ಸ್ಟೇ. ತಂಗಿ ದಾವೆ ಹಾಕಿದ ಮರುದಿನವೇ ಅಣ್ಣ ಜಮೀನು ಮಾರಿಬಿಟ್ಟರೆ? ಅದನ್ನು ತಡೆಯಲು ಮಧ್ಯಂತರ ತಡೆಯಾಜ್ಞೆ ಕೇಳುತ್ತಾರೆ. ಕೋರ್ಟ್ ಇಲ್ಲಿ ಮೂರು ವಿಷಯ ನೋಡುತ್ತದೆ. ಮೇಲುನೋಟಕ್ಕೆ ನಿಮ್ಮ ವಾದದಲ್ಲಿ ಹುರುಳಿದೆಯೇ, ತಡೆ ಕೊಡದಿದ್ದರೆ ಆಗುವ ತೊಂದರೆ ಯಾರಿಗೆ ಜಾಸ್ತಿ, ದುಡ್ಡಿನಿಂದ ತುಂಬಲಾಗದ ನಷ್ಟ ಆಗುತ್ತದೆಯೇ. ತಡೆಯಾಜ್ಞೆ ಸಿಗದಿದ್ದರೂ ಎಲ್ಲ ಮುಗಿಯಿತು ಅಂತಲ್ಲ. 1882ರ ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಂ ಪ್ರಕಾರ, ದಾವೆ ನಡೆಯುತ್ತಿರುವಾಗ ಕೊಂಡವರು ಆ ದಾವೆಯ ತೀರ್ಪಿಗೆ ಬದ್ಧರು. ದಾವೆ ಇದ್ದದ್ದು ಗೊತ್ತೇ ಇರಲಿಲ್ಲ ಅಂದರೂ ನಡೆಯುವುದಿಲ್ಲ. ನಿಮ್ಮ ಮೇಲೇ ಯಾರಾದರೂ ತಡೆಯಾಜ್ಞೆ ತರಬಹುದು ಅನ್ನುವ ಅಂದಾಜಿದ್ದರೆ ಮೊದಲೇ ಕೇವಿಯಟ್ ಹಾಕಿ. ಅದು 90 ದಿನ ಜೀವಂತವಾಗಿರುತ್ತದೆ. ಆ ಅವಧಿಯಲ್ಲಿ ನಿಮಗೆ ತಿಳಿಸಿ, ನಿಮ್ಮ ಮಾತು ಕೇಳಿದ ಮೇಲೆಯೇ ಕೋರ್ಟ್ ಮುಂದುವರಿಯಬೇಕು.

ಕೊಳ್ಳುವವರ ಕಡೆಯಿಂದ

ಈಗ ಆ ಅಣ್ಣನಿಂದ ಜಮೀನು ಕೊಳ್ಳಲು ಬಂದವರನ್ನು ನೆನೆಯಿರಿ. ಪಹಣಿ ಸರಿಯಿದೆ, ಇಸಿಯಲ್ಲಿ (ಋಣಭಾರ ಪ್ರಮಾಣಪತ್ರದಲ್ಲಿ) ಸಾಲ ಕಾಣುವುದಿಲ್ಲ, ನೋಂದಣಿಯೂ ಆಗುತ್ತದೆ. ಇನ್ನೇನು ಬೇಕು ಅನ್ನಿಸುತ್ತದೆ, ಅಲ್ವಾ? ಆದರೆ ಮಾರುವವರಿಗೆ ನಿಜವಾಗಿ ಒಡೆತನ ಇದೆಯೇ ಅಂತ ತೀರ್ಮಾನಿಸುವುದು ಸಬ್ ರಿಜಿಸ್ಟ್ರಾರ್ ಕೆಲಸವಲ್ಲ. 2025ರಲ್ಲಿ ತಮಿಳುನಾಡಿನ ಒಂದು ನೋಂದಣಿ ನಿಯಮವನ್ನು ರದ್ದು ಮಾಡುವಾಗ ಸುಪ್ರೀಂ ಕೋರ್ಟ್ ಇದನ್ನೇ ಹೇಳಿತು. ಇಲ್ಲದ ಹಕ್ಕನ್ನು ಮಾರಿದರೆ, ನೋಂದಣಿಯಾದ ಕ್ರಯಪತ್ರದಿಂದಲೂ ಕೊಂಡವರ ಕೈಗೆ ಏನೂ ಬರುವುದಿಲ್ಲ. ಅಣ್ಣ ತನ್ನ ಪಾಲನ್ನು ಮಾರಬಲ್ಲ, ತಂಗಿಯ ಪಾಲನ್ನಲ್ಲ.

ಇಸಿ ತೋರಿಸುವುದು ನೋಂದಣಿಯಾದ ವ್ಯವಹಾರಗಳನ್ನು ಮಾತ್ರ. ಕೋರ್ಟಿನಲ್ಲಿ ನಡೆಯುತ್ತಿರುವ ದಾವೆ, ನೋಂದಣಿಯಾಗದ ವಿಲ್, ಬಾಯಿಮಾತಿನ ವಿಭಾಗ ಅದರಲ್ಲಿ ಸಾಮಾನ್ಯವಾಗಿ ಸಿಗುವುದಿಲ್ಲ. ಹೀಗಾಗಿ ವಂಶವೃಕ್ಷ ತೆಗೆಸಿ, ಅದರಲ್ಲಿರುವ ಎಲ್ಲರೂ ಕ್ರಯಪತ್ರಕ್ಕೆ ಸಹಿ ಹಾಕುತ್ತಾರೆಯೇ ನೋಡಿ. ಇ-ಕೋರ್ಟ್ಸ್ ತಾಣದಲ್ಲಿ ಮಾರುವವರ ಹೆಸರು ಹಾಕಿ ದಾವೆ ಇದೆಯೇ ಹುಡುಕಿ. ಅಪ್ರಾಪ್ತ ಮಕ್ಕಳ ಸ್ವಂತ ಆಸ್ತಿಯನ್ನು ಪೋಷಕರು ಮಾರುತ್ತಿದ್ದರೆ ಕೋರ್ಟಿನ ಅನುಮತಿ ಕೇಳಿ. ಅದಿಲ್ಲದಿದ್ದರೆ ಆ ಮಕ್ಕಳು ದೊಡ್ಡವರಾದ ಮೂರು ವರ್ಷದೊಳಗೆ ಮಾರಾಟವನ್ನು ಪ್ರಶ್ನಿಸಬಹುದು. ಪರಿಶಿಷ್ಟ ಜಾತಿ, ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನಾದರೆ ಇನ್ನೂ ಹುಷಾರು. ಇಂಥ ಜಮೀನಿನ ಪರಭಾರೆ ತಡೆಯುವ 1978ರ ಪಿಟಿಸಿಎಲ್ ಕಾಯ್ದೆಯಡಿ, ಸರ್ಕಾರದ ಅನುಮತಿಯಿಲ್ಲದ ಮಾರಾಟ ಅಸಿಂಧು, ಜಮೀನು ಮೂಲ ಮಂಜೂರುದಾರರಿಗೆ ಅಥವಾ ಅವರ ವಾರಸುದಾರರಿಗೆ ವಾಪಸ್ ಹೋಗುತ್ತದೆ. ಅರ್ಜಿಗೆ ಕಾಲಮಿತಿಯೇ ಇಲ್ಲ ಅಂತ 2023ರಲ್ಲಿ ತಿದ್ದುಪಡಿಯೂ ಆಗಿದೆ. ಬಡವರ ಭೂಮಿ ಅಗ್ಗದ ಬೆಲೆಗೆ ಕೈಜಾರಬಾರದು ಅಂತ ಬಂದ ಕಾಯ್ದೆ ಅದು.

ಕರಾರು ಪತ್ರ ಮತ್ತು ಜಿಪಿಎ (ನಮ್ಮ ಪರವಾಗಿ ವ್ಯವಹರಿಸಲು ಇನ್ನೊಬ್ಬರಿಗೆ ಕೊಡುವ ಅಧಿಕಾರ ಪತ್ರ) ಬಗ್ಗೆ ಒಂದು ಮಾತು. ಕ್ರಯದ ಕರಾರು ಮಾಡಿಕೊಂಡ ಮಾತ್ರಕ್ಕೆ ಜಾಗ ನಿಮ್ಮದಾಗುವುದಿಲ್ಲ. ಕರಾರು ಮತ್ತು ಜಿಪಿಎ ಮೂಲಕ ಜಾಗ 'ಮಾರುವ' ರೂಢಿಯಿಂದ ಒಡೆತನ ವರ್ಗಾವಣೆ ಆಗುವುದಿಲ್ಲ ಅಂತ 2011ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಕರಾರಿನ ಮೇಲೆ ಮುಂಗಡ ಕೊಟ್ಟಾಯಿತು, ಮಾರುವವರು ಕ್ರಯಪತ್ರ ಮಾಡಿಕೊಡುತ್ತಿಲ್ಲ ಅಂದರೆ, ಕರಾರಿನಲ್ಲಿ ಹೇಳಿದ ದಿನಾಂಕದಿಂದ ಮೂರು ವರ್ಷದೊಳಗೆ ದಾವೆ ಹಾಕಬೇಕು. ದಿನಾಂಕ ಹೇಳಿಲ್ಲದಿದ್ದರೆ, ಅವರು ಮಾಡಿಕೊಡುವುದಿಲ್ಲ ಅಂತ ನಿಮಗೆ ತಿಳಿದ ದಿನದಿಂದ ಮೂರು ವರ್ಷ. ಬಾಕಿ ಹಣ ಕೊಡಲು ನೀವು ಮೊದಲಿನಿಂದಲೂ ತಯಾರಿದ್ದಿರಿ ಅಂತ ತೋರಿಸಬೇಕು. ಬ್ಯಾಂಕ್ ಪಾಸ್‌ಬುಕ್, ಲೀಗಲ್ ನೋಟಿಸ್ ಇಲ್ಲಿ ನೆರವಿಗೆ ಬರುತ್ತವೆ. 'ಮುಂದಿನ ತಿಂಗಳು ಮಾಡಿಕೊಡ್ತೀನಿ' ಅನ್ನುವ ಮಾತು ನಂಬಿ ಮೂರು ವರ್ಷ ಕಳೆದವರಿದ್ದಾರೆ.

ಬಿಲ್ಡರ್ ಫ್ಲಾಟ್ ಕೊಡಲು ತಡ ಮಾಡಿದರೆ 2016ರ ರೇರಾ, ಅಂದರೆ ರಿಯಲ್ ಎಸ್ಟೇಟ್ ನಿಯಂತ್ರಣ ಕಾಯ್ದೆ ಇದೆ. ಹೇಳಿದ ದಿನಕ್ಕೆ ಕೊಡದಿದ್ದರೆ ಬಡ್ಡಿ ಸಮೇತ ಹಣ ವಾಪಸ್ ಕೇಳಬಹುದು, ಇಲ್ಲವೇ ಫ್ಲಾಟ್ ಉಳಿಸಿಕೊಂಡು ತಡವಾದ ಅವಧಿಗೆ ಬಡ್ಡಿ ಪಡೆಯಬಹುದು. ದೂರು ರೇರಾ ಪ್ರಾಧಿಕಾರಕ್ಕೆ ಹೋಗಬೇಕು.

ಬೇಲಿ ಜಗಳ

ಪಕ್ಕದವರು ಒತ್ತುವರಿ ಮಾಡಿದ್ದಾರೆ ಅನ್ನುವ ವ್ಯಾಜ್ಯದಲ್ಲಿ ಬಾಯಿಮಾತಿಗಿಂತ ಅಳತೆ ದೊಡ್ಡದು. ಕ್ರಯಪತ್ರದಲ್ಲಿರುವ ಚಕ್ಕುಬಂದಿಯನ್ನು (ನಾಲ್ಕು ದಿಕ್ಕಿನ ಗಡಿಯನ್ನು) ಸರ್ವೆ ದಾಖಲೆಗಳ ಜೊತೆ ಇಟ್ಟು ನೋಡಿ. ಸರ್ವೆ ಇಲಾಖೆಗೆ ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸಲು, ಅರ್ಜಿ ಹಾಕಿ, ಪಕ್ಕದವರಿಗೆ ನೋಟಿಸ್ ಹೋಗಿ, ಅವರ ಎದುರಲ್ಲೇ ಅಳತೆ ಆಗುವಂತೆ ನೋಡಿಕೊಳ್ಳಿ. ದಾವೆಯಲ್ಲಿದ್ದರೆ ಕೋರ್ಟ್ ಕಮಿಷನರ್ ನೇಮಿಸಿ ಅಳತೆ ಮಾಡಿಸುವಂತೆ ಕೇಳಬಹುದು. ಎಷ್ಟೋ ಜಗಳ ಆ ನಕ್ಷೆ ಕೈಗೆ ಬಂದ ದಿನವೇ ತಣ್ಣಗಾಗುತ್ತದೆ.

ತೀರ್ಪು ಬಂದ ಮೇಲೆ

ಪಾಲಿನ ದಾವೆಯಲ್ಲಿ ಸಾಮಾನ್ಯವಾಗಿ ಎರಡು ಡಿಕ್ರಿ, ಅಂದರೆ ತೀರ್ಪಿನ ಆದೇಶಗಳು. ಮೊದಲನೆಯದರಲ್ಲಿ ಯಾರಿಗೆ ಎಷ್ಟು ಪಾಲು ಅಂತ ತೀರ್ಮಾನ ಆಗುತ್ತದೆ. ಎರಡನೆಯದರಲ್ಲಿ ಯಾವ ತುಂಡು ಯಾರಿಗೆ ಅಂತ ಅಳೆದು ಕೊಡುತ್ತಾರೆ. ಮೊದಲನೆಯದು ಸಿಕ್ಕಿದ ಖುಷಿಯಲ್ಲಿ ಜನ ಮನೆಗೆ ಹೋಗುತ್ತಾರೆ, ಜಮೀನು ಹಾಗೇ ಅಣ್ಣನ ಕೈಯಲ್ಲಿ ಉಳಿಯುತ್ತದೆ. ಅಂತಿಮ ಡಿಕ್ರಿಗೆ ಬೇರೆ ಅರ್ಜಿಗಾಗಿ ಕಾಯದೆ ಕೋರ್ಟುಗಳೇ ಮುಂದುವರಿಯಬೇಕು ಅಂತ 2022ರಲ್ಲಿ ಸುಪ್ರೀಂ ಕೋರ್ಟ್ ಸೂಚಿಸಿದೆ. ಆದರೂ ನಿಮ್ಮ ವಕೀಲರನ್ನು ಕೇಳುತ್ತಲೇ ಇರಿ. ಡಿಕ್ರಿ ಬಂದರೂ ಎದುರಿನವರು ಜಾಗ ಬಿಡದಿದ್ದರೆ, ಅದನ್ನು ಜಾರಿ ಮಾಡಿಸಿ ಅಂತ ಅಮಲ್ಜಾರಿ ಅರ್ಜಿ ಹಾಕಬೇಕು. ಇಂಥ ಅರ್ಜಿಗಳನ್ನು ಆರು ತಿಂಗಳಲ್ಲಿ ಮುಗಿಸಬೇಕು ಅಂತ 2021ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಕರ್ನಾಟಕದಿಂದಲೇ ಹೋದ ಒಂದು ಪ್ರಕರಣದಲ್ಲಿ.

ಇಷ್ಟೆಲ್ಲ ಹೇಳಿದ ಮೇಲೂ, ಒಡಹುಟ್ಟಿದವರ ನಡುವಿನ ವ್ಯಾಜ್ಯಕ್ಕೆ ರಾಜಿಯೇ ಒಳ್ಳೆಯದು ಅಂತ ನಾನು ನಂಬುತ್ತೇನೆ. ಆದರೆ ಪಾಲು ಬಿಟ್ಟುಕೊಟ್ಟು ಸುಮ್ಮನಾಗುವುದು ರಾಜಿಯಲ್ಲ. ತಂಗಿಗೆ ತನ್ನ ಹಕ್ಕು ಎಷ್ಟು ಅಂತ ಗೊತ್ತಿದ್ದು, ಅದರಲ್ಲಿ ಎಷ್ಟು ಬಿಡಬೇಕು ಅಂತ ಅವಳೇ ತೀರ್ಮಾನಿಸಿದರೆ ಅದು ರಾಜಿ. ಲೋಕ ಅದಾಲತ್‌ನಲ್ಲಿ ಆದ ರಾಜಿಗೆ ಕೋರ್ಟ್ ಡಿಕ್ರಿಯಷ್ಟೇ ಬೆಲೆಯಿದೆ, ಅದರ ಮೇಲೆ ಮೇಲ್ಮನವಿ ಇಲ್ಲ, ಕಟ್ಟಿದ ಕೋರ್ಟ್ ಶುಲ್ಕವೂ ವಾಪಸ್ ಬರುತ್ತದೆ. ವಕೀಲರಿಗೆ ಕೊಡಲು ಹಣ ಇಲ್ಲ ಅಂತ ಹಿಂಜರಿಯುವ ಹೆಣ್ಣುಮಕ್ಕಳಿಗೆ ಒಂದು ವಿಷಯ ತಿಳಿದಿರಲಿ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಡಿ, ಆದಾಯ ಎಷ್ಟೇ ಇದ್ದರೂ ಮಹಿಳೆಯರು ಉಚಿತ ಕಾನೂನು ನೆರವಿಗೆ ಅರ್ಹರು. ಪರಿಶಿಷ್ಟ ಜಾತಿ, ಪಂಗಡದವರಿಗೂ ಹಾಗೆಯೇ. ನಿಮ್ಮ ತಾಲ್ಲೂಕಿನ ಕೋರ್ಟಿನಲ್ಲೇ ಕಾನೂನು ಸೇವಾ ಸಮಿತಿಯನ್ನು ಕೇಳಿ.

ರಾಜಿ ಪತ್ರದಲ್ಲಿ 'ಒಂದು ಎಕರೆ ತಂಗಿಗೆ' ಅಂತ ಬರೆದರೆ ಸಾಲದು. ಯಾವ ಸರ್ವೆ ನಂಬರು, ಯಾವ ದಿಕ್ಕಿನ ಎಕರೆ, ಚಕ್ಕುಬಂದಿ ಏನು, ಓಡಾಡುವ ದಾರಿ ಎಲ್ಲಿ, ಬಾವಿಯ ನೀರು ಯಾರಿಗೆ ಅಂತ ಬಿಡಿಸಿ ಬರೆಸಬೇಕು. ನಕ್ಷೆ ಲಗತ್ತಿಸಬೇಕು. ಅದು ಮುಗಿದ ಮೇಲೆ ತಂಗಿ ಡಿಕ್ರಿಯ ನಕಲು ಹಿಡಿದು, ಅಣ್ಣ ಅಂದು ಒಬ್ಬನೇ ಹೋಗಿದ್ದ ಅದೇ ತಾಲ್ಲೂಕು ಕಚೇರಿಗೆ ಹೋಗಬೇಕು. ಪೋಡಿ ಆಗಿ, ಅಂದರೆ ಸರ್ವೆ ನಂಬರನ್ನು ಅಳೆದು ಭಾಗ ಮಾಡಿ, ಅವಳ ತುಂಡಿಗೆ ಬೇರೆ ನಂಬರು ಬಿದ್ದು, ಪಹಣಿಯಲ್ಲಿ ಅವಳ ಹೆಸರು ಬರುವವರೆಗೆ ಕೆಲಸ ಬಾಕಿ ಇದೆ.